ಬೆಲ್ಚರ್ ಮನೆಯವರ ವಿನೋದ

ಸಂಸಾರವನ್ನು ಹಾಸ್ಯದ ವಸ್ತುವನ್ನಾಗಿ ಆರಿಸಿಕೊಳ್ಳುವ ಲೇಖಕನಿಗೆ ಸುಲಭವಾದ ದಾರಿಗಳು ಎರಡು: ಮನೆಯವರೆಲ್ಲರನ್ನೂ ಸದ್ಗುಣಸಂಪನ್ನರನ್ನಾಗಿ ಚಿತ್ರಿಸಿ ಅವರ ಸಣ್ಣಪುಟ್ಟ ಪ್ರಮಾದಗಳಿಗೆ ನಮ್ಮಿಂದ ಮುಗುಳ್ನಗೆ ಬರಿಸುವುದು ಒಂದು; ಅವರನ್ನು ಪರಸ್ಪರ ಕಾದಾಡಿಸಿ, ಅವರ ಕ್ಷುದ್ರತೆಯನ್ನು ಕಂಡು ನಾವು ಗಹಗಹಿಸುವಂತೆ ಮಾಡುವುದು ಇನ್ನೊಂದು. ಅಮೆರಿಕದ ದೂರದರ್ಶನ ಈ ಎರಡು ದಾರಿಗಳನ್ನೂ ಚೆನ್ನಾಗಿ ತುಳಿದು ಸವೆಸಿದೆ. 1950ರ ದಶಕದ ‘ಫಾದರ್ ನೋಸ್ ಬೆಸ್ಟ್’, ‘ಲೀವ್ ಇಟ್ ಟು ಬೀವರ್’ ಮೊದಲಾದ ಧಾರಾವಾಹಿಗಳಲ್ಲಿ ತಂದೆ ವಿವೇಕಿ, ತಾಯಿ ಸುಪ್ರಸನ್ನೆ, ಮಕ್ಕಳ ಅಪರಾಧಗಳು ಅರ್ಧ ಗಂಟೆಯೊಳಗೆ ಪರಿಹಾರವಾಗತಕ್ಕಷ್ಟೇ ಗಾತ್ರದವು. ಕಾರ್ಟೂನು ಮಕ್ಕಳಿಗೆ ಮಾತ್ರವಲ್ಲ, ರಾತ್ರಿಯ ಊಟದ ಹೊತ್ತಿನಲ್ಲಿ ದೊಡ್ಡವರಿಗೂ ಸಲ್ಲುವುದೆಂಬುದನ್ನು 1960ರಲ್ಲಿ ಶಿಲಾಯುಗದ ಸಂಸಾರವೊಂದರ ಕಥೆಯಾದ ‘ದಿ ಫ್ಲಿಂಟ್‌ಸ್ಟೋನ್ಸ್’ ತೋರಿಸಿಕೊಟ್ಟಿತು. 1989ರ ಡಿಸೆಂಬರಿನಲ್ಲಿ ತೊಡಗಿದ ‘ದಿ ಸಿಂಪ್ಸನ್ಸ್’ ಆ ಪ್ರಕಾರಕ್ಕೆ ಹಲ್ಲು ಮೂಡಿಸಿತು. ಸೋಮಾರಿಯೂ ಪೆದ್ದನೂ ಆದ ತಂದೆ ತುಂಟ ಮಗನ ಕತ್ತನ್ನು ಹಿಡಿದು ಹಿಸುಕುವುದು ಅಲ್ಲಿ ನಿತ್ಯವಿನೋದವಾಗಿತ್ತು. ಅಮೆರಿಕದ ಕುಟುಂಬಗಳು ಸಿಂಪ್ಸನ್ನರನ್ನು ಹೋಲುವುದಕ್ಕಿಂತ ‘ದಿ ವಾಲ್ಟನ್ಸ್’ ಎಂಬ ಹಳೆಯ ಧಾರಾವಾಹಿಯ ಸಾಧುಸಂಸಾರವನ್ನು ಹೆಚ್ಚಾಗಿ ಹೋಲಬೇಕೆಂದು 1992ರಲ್ಲಿ ರಾಷ್ಟ್ರಾಧ್ಯಕ್ಷ ಜಾರ್ಜ್ ಬುಷ್ ಅವರೇ ಒಂದು ಭಾಷಣದಲ್ಲಿ ಹೇಳಿದರು. ಸಿಂಪ್ಸನ್ನರ ಒರಟುತನದ ಕೆಳಗೆ ಅಂತಃಕರಣವೊಂದು ಮಿಡಿಯುತ್ತಿತ್ತೆಂಬುದನ್ನು ಅಧ್ಯಕ್ಷರು ಗಮನಿಸಿದಂತಿಲ್ಲ. ಆದರೆ 1999ರಲ್ಲಿ ಬಂದ ‘ಫ್ಯಾಮಿಲಿ ಗೈ’ ಆ ಅಂತಃಕರಣವನ್ನೂ ಬಹುಮಟ್ಟಿಗೆ ಕಿತ್ತೊಗೆದು, ಹದಿಹರೆಯದ ಮಗಳೊಬ್ಬಳನ್ನು ಮನೆಮಂದಿಯೆಲ್ಲ ಸೇರಿ ಹೀಯಾಳಿಸುವುದನ್ನೇ ನಗೆಯ ಒಂದು ಬತ್ತದ ಊಟೆಯನ್ನಾಗಿ ಮಾಡಿಕೊಂಡಿತು.

ಇವೆಲ್ಲ ಆದಮೇಲೆ, 2011ರ ಜನವರಿ 9ರಂದು, ‘ದಿ ಸಿಂಪ್ಸನ್ಸ್’, ‘ಫ್ಯಾಮಿಲಿ ಗೈ’ ಎರಡೂ ಬಂದ ಅದೇ ಫಾಕ್ಸ್ ವಾಹಿನಿಯಲ್ಲಿ ‘ಬಾಬ್ಸ್ ಬರ್ಗರ್ಸ್’ ಎಂಬ ಹೊಸ ಧಾರಾವಾಹಿ ಕಾಣಿಸಿಕೊಂಡಿತು. ಇದರ ಜನಕ ಲೋರೆನ್ ಬೂಶಾರ್ಡ್. ರೂಪುಗೊಳಿಸುವುದರಲ್ಲಿ ಜೊತೆಗೂಡಿದವರು ಜಿಮ್ ಡಾಟರೀವ್. ಮೊದಲ ಕಂತುಗಳನ್ನು ಕಂಡ ವಿಮರ್ಶಕರಲ್ಲಿ ಹಲವರು ಮುಖ ಸಿಂಡರಿಸಿದರು. ಮೊದಲ ಸುತ್ತಿನಲ್ಲಿ ಬಂದದ್ದು ಹದಿಮೂರೇ ಕಂತು; ಅಷ್ಟಕ್ಕೇ ಅದು ಮುಗಿದುಹೋಗಿದ್ದರೂ ಯಾರೂ ಆಶ್ಚರ್ಯಪಡುತ್ತಿರಲಿಲ್ಲ. ಆದರೆ ಅದು ಮುಗಿಯಲಿಲ್ಲ. 2014ರಲ್ಲಿಯೂ ಪುನಃ 2017ರಲ್ಲಿಯೂ ಶ್ರೇಷ್ಠ ಅನಿಮೇಷನ್ ಕಾರ್ಯಕ್ರಮಕ್ಕೆ ಸಲ್ಲುವ ಎಮ್ಮಿ ಪ್ರಶಸ್ತಿಯನ್ನು ಪಡೆದು, 2022ರಲ್ಲಿ ಚಲನಚಿತ್ರವಾಗಿಯೂ ಬಂದು, ದಶಕವನ್ನು ದಾಟಿ ನಡೆದುಕೊಂಡು ಬಂದಿದೆ. ಕಣ್ಣು ಕುಕ್ಕುವ ಚಿತ್ರಕೌಶಲ ಅದರಲ್ಲಿಲ್ಲ. ಗದ್ದವಿಲ್ಲದ ಮುಖಗಳು, ಕೊಳವೆಯಂತಹ ತೋಳುಗಳು, ಸಾಧಾರಣವಾದ ಬೀದಿ. ಅದರ ಆಕರ್ಷಣೆ ಬೇರೆ ಕಡೆ ಇದೆ.

ಸಮುದ್ರತೀರದ ಒಂದು ಊರು. ಅಲ್ಲಿ ಓಷನ್ ಅವೆನ್ಯೂ ಎಂಬ ಬೀದಿ. ಆ ಬೀದಿಯಲ್ಲಿ ಒಂದು ಬರ್ಗರ್ ಅಂಗಡಿ. ಅಂಗಡಿಯ ಮಹಡಿಯಲ್ಲಿ ಅದನ್ನು ನಡೆಸುವ ಬೆಲ್ಚರ್ ಕುಟುಂಬದ ವಾಸ. ಯಜಮಾನ ಬಾಬ್, ನಲವತ್ತರ ಆಚೀಚಿನವನು, ದಪ್ಪ ಮೀಸೆಯವನು, ಹೋಟೆಲು ವೃತ್ತಿಯಲ್ಲಿ ತಾನು ಮೂರನೆಯ ತಲೆಯವನೆಂದು ಹೇಳಿಕೊಳ್ಳುವವನು. ಅಡುಗೆಯಲ್ಲಿ ಆತನದು ನಿಜವಾದ ಪ್ರತಿಭೆ, ವ್ಯಾಪಾರದಲ್ಲಿ ಅಷ್ಟೇ ನಿಜವಾದ ದೌರ್ಬಲ್ಯ. ತರಕಾರಿಗಳೊಡನೆಯೂ ಮಾಂಸದೊಡನೆಯೂ ಮಾತನಾಡುವ ಅಭ್ಯಾಸವುಂಟು; ಅವುಗಳ ಪರವಾಗಿ ಉತ್ತರವನ್ನೂ ತಾನೇ ಬೇರೆ ದನಿಯಲ್ಲಿ ಕೊಟ್ಟುಕೊಳ್ಳುತ್ತಾನೆ. ಹೆಂಡತಿ ಲಿಂಡಾ ಕೆಂಪು ಚೌಕಟ್ಟಿನ ಕನ್ನಡಕ ಧರಿಸಿ, ಬಾಯಿಗೆ ಬಂದ ಯಾವ ಮಾತನ್ನಾದರೂ ಒಡನೆಯೇ ಹಾಡನ್ನಾಗಿ ಮಾಡುವ ಉತ್ಸಾಹಿ. ಹಿರಿಯ ಮಗಳು ಟೀನಾ ಹದಿಮೂರರವಳು. ಕುದುರೆಗಳು, ಹುಡುಗರು, ಪ್ರೇತಗಳು, ಇವುಗಳ ಧ್ಯಾನದಲ್ಲಿ ಮುಳುಗಿರುವ ಈ ಹುಡುಗಿ ತನ್ನ ಪರಿಚಿತರನ್ನೇ ಪಾತ್ರಗಳನ್ನಾಗಿಸಿ ಪ್ರಣಯಕಥೆಗಳನ್ನು ನೋಟುಪುಸ್ತಕಗಳಲ್ಲಿ ಬರೆಯುತ್ತಾಳೆ. ಕಷ್ಟ ಬಂದರೆ ಮಾತಾಡುವುದಿಲ್ಲ, ಒಂದೇ ಸ್ವರದಲ್ಲಿ ದೀರ್ಘವಾಗಿ ನರಳುತ್ತಾಳೆ. ಹನ್ನೊಂದರ ಜೀನ್ ಅಪಾನವಾಯುವಿನ ಧ್ವನಿಗಳನ್ನು ತುಂಬಿಸಿಟ್ಟ ಪುಟ್ಟ ಕೀಬೋರ್ಡನ್ನು ಹಿಡಿದು ತಾನು ಸಂಗೀತಗಾರನೆಂದು ನಂಬಿದವನು. ಒಂಬತ್ತರ ಲೂಯೀಸ್ ಮೊಲದ ಕಿವಿಗಳುಳ್ಳ ನಸುಗೆಂಪು ಟೋಪಿಯನ್ನು ಎಂದೂ ತೆಗೆಯದವಳು. ಗಾತ್ರದಲ್ಲಿ ಎಲ್ಲರಿಗಿಂತ ಕಿರಿಯಳು, ತಂತ್ರದಲ್ಲಿ ಚಾಣಕ್ಯನಿಗೆ ಸಮೀಪದವಳು.

ಇವರಿಗೆ ಶತ್ರುಗಳಿಲ್ಲವೆಂದಲ್ಲ. ಎದುರುಗಡೆಯೇ ಜಿಮ್ಮಿ ಪೆಸ್ಟೊ ಎಂಬವನ ಪಿಟ್ಸಾ ಹೋಟೆಲು. ಅಲ್ಲಿ ಗಿರಾಕಿಗಳ ಸಂದಣಿ, ಇಲ್ಲಿ ಬಾಬ್‌ನ ಅಂಗಡಿಯಲ್ಲಿ ಬಡಗಿ ಕೊಳಾಯಿ ಕೆಲಸಗಳನ್ನು ಮಾಡಿಕೊಂಡಿರುವ ಟೆಡ್ಡಿ, ಪಕ್ಕದ ಕಟ್ಟಡದಲ್ಲಿ ಶವಸಂಸ್ಕಾರದ ವ್ಯಾಪಾರ ಮಾಡುವ ಮಾರ್ಟ್, ಇವರಿಬ್ಬರೇ ಖಾಯಂ ಆಸಾಮಿಗಳು. ಒಂದು ಕಣ್ಣಿಗೆ ಪಟ್ಟಿ ಕಟ್ಟಿ ಬಿಳಿಯ ಸೂಟು ತೊಟ್ಟು ಬರುವ ಫಿಶೋಡರ್ ಕಟ್ಟಡದ ಒಡೆಯ. ಬಾಡಿಗೆ ಅವನಿಗೆ ಸಲ್ಲಬೇಕು, ಬಹಳ ಸಲ ಅದು ಸಲ್ಲದೆ ಉಳಿದಿರುತ್ತದೆ. ಆರೋಗ್ಯ ಇಲಾಖೆಯ ಇನ್‌ಸ್ಪೆಕ್ಟರ್ ಹ್ಯೂಗೋ ಒಂದು ಕಾಲದಲ್ಲಿ ಲಿಂಡಾಳಿಗೆ ನಿಶ್ಚಯವಾಗಿದ್ದ ವರ. ಅವಳು ತನ್ನನ್ನು ಬಿಟ್ಟು ಬಾಬ್‌ನನ್ನು ವರಿಸಿದುದನ್ನು ಆತ ಇನ್ನೂ ಕ್ಷಮಿಸಿಲ್ಲ. ಹೀಗೆ ದಾರಿದ್ರ್ಯ, ಸ್ಪರ್ಧೆ, ಅಧಿಕಾರ, ಅಸೂಯೆ ಇವೆಲ್ಲ ಅಂಗಡಿಯ ಹೊಸ್ತಿಲಿನವರೆಗೂ ಬಂದು ನಿಂತಿರುತ್ತವೆ. ಒಳಗೆ ಮಾತ್ರ ಬರುವುದಿಲ್ಲ. ಈ ಪ್ರಕಾರದ ಇತರ ಧಾರಾವಾಹಿಗಳಲ್ಲಿ ಕಥೆಗೆ ಬೇಕಾದ ಘರ್ಷಣೆ ಗಂಡಹೆಂಡಿರ ನಡುವಿನಿಂದಲೋ ಅಪ್ಪಮಕ್ಕಳ ನಡುವಿನಿಂದಲೋ ಹುಟ್ಟಿದರೆ, ಇಲ್ಲಿ ಅದು ಬಹುಮಟ್ಟಿಗೆ ಹೊರಗಿನಿಂದ ಬರುತ್ತದೆ. ಒಳಗಿನವರು ಐವರೂ ಒಂದೇ ಪಕ್ಷದವರು.

ಒಂದೇ ಪಕ್ಷವೆಂದಮಾತ್ರಕ್ಕೆ ಅಪ್ಪಿ ಮುದ್ದಾಡುವ ಸಂಸಾರವೆಂದು ತಿಳಿಯಬಾರದು. ಪ್ರೀತಿಯ ಮಾತುಗಳನ್ನು ಇವರು ಆಡುವುದು ಕಡಮೆ. ಇವರ ಪ್ರೀತಿ ವ್ಯಕ್ತವಾಗುವ ರೀತಿ ವಿಲಕ್ಷಣವಾದದ್ದು: ಮನೆಯ ಒಬ್ಬರಿಗೆ ಒಂದು ಹುಚ್ಚು ಹಿಡಿದರೆ ಉಳಿದ ನಾಲ್ವರು ಅದನ್ನು ಬಿಡಿಸಲು ಹೋಗುವುದಿಲ್ಲ, ತಾವೂ ಆ ಹುಚ್ಚಿನೊಳಕ್ಕೆ ಬಂದು ಕೂರುತ್ತಾರೆ. ಲಿಂಡಾಳ ತಂಗಿ ಗೇಲ್ ಪ್ರಾಣಿಗಳ ಹಿಂಭಾಗಗಳನ್ನು ಮಾತ್ರ ಅತಿ ಶ್ರದ್ಧೆಯಿಂದ ಚಿತ್ರಿಸಿ ಅವುಗಳನ್ನು ಅಂಗಡಿಯ ಗೋಡೆಗಳ ತುಂಬ ತೂಗುಹಾಕುವ ಕಥೆಯೊಂದುಂಟು. ಊಟಮಾಡುವ ಸ್ಥಳದಲ್ಲಿ ಅಂತಹ ಚಿತ್ರಗಳು ಬಾಬ್‌ಗೆ ಎಷ್ಟುಮಾತ್ರಕ್ಕೂ ಹಿತವಲ್ಲ. ಆದರೆ ಊರಿನ ಕಲಾಪೋಷಕರೆನಿಸಿಕೊಂಡವರು ಬಂದು ಅವನ್ನು ಕೆಳಗಿಳಿಸಬೇಕೆಂದು ಅಪ್ಪಣೆ ಮಾಡಿದೊಡನೆಯೇ, ಅದುವರೆಗೆ ಮುಖ ತಿರುಗಿಸಿಕೊಂಡಿದ್ದ ಆ ಮನುಷ್ಯ ನಾದಿನಿಯ ಕಲಾಸ್ವಾತಂತ್ರ್ಯದ ಮಹಾರಕ್ಷಕನಾಗಿ ನಿಂತುಬಿಡುತ್ತಾನೆ.

ಮೊದಲ ವರ್ಷದಲ್ಲಿಯೇ ಬಂದ ಇನ್ನೊಂದು ಕಂತು ಇದಕ್ಕಿಂತ ಉತ್ತಮವಾದ ಉದಾಹರಣೆ. ಟೀನಾಳಿಗೆ ಹದಿಮೂರು ತುಂಬುವ ದಿನ ಹತ್ತಿರ ಬಂದಿದೆ. ಎದುರು ಹೋಟೆಲಿನ ಪೆಸ್ಟೊನ ಮಗ ಹುಟ್ಟುಹಬ್ಬಕ್ಕೆ ಬರಬೇಕು, ತನ್ನ ಜೀವನದ ಪ್ರಥಮ ಚುಂಬನ ಆ ದಿನ ಒದಗಬೇಕು ಎಂಬುದು ಅವಳ ಹಂಬಲ. ಹಬ್ಬದ ಖರ್ಚಿಗೆ ಹಣವಿಲ್ಲವಾದುದರಿಂದ ತಂದೆ ಹಗಲೆಲ್ಲ ಬಾಣಲೆಯ ಮುಂದೆ ನಿಂತು ರಾತ್ರಿ ಟ್ಯಾಕ್ಸಿ ಓಡಿಸುತ್ತಾನೆ. ಅಷ್ಟರ ಮೇಲೆ ಪೆಸ್ಟೊ ತನ್ನ ಮಗನನ್ನು ಕಳುಹಿಸಬೇಕಾದರೆ ಬಾಬ್ ತನ್ನ ಮೀಸೆಯನ್ನು ಬೋಳಿಸಬೇಕೆಂದು ಕರಾರು ಹಾಕುತ್ತಾನೆ. ಮೀಸೆ ಹೋಗುತ್ತದೆ. ಹದಿಮೂರರ ಹುಡುಗಿಯ ಮುಗ್ಧವೂ ಹಾಸ್ಯಾಸ್ಪದವೂ ಆದ ಒಂದು ಆಸೆಯನ್ನು ‘ಇದೇನು ಹುಚ್ಚು’ ಎಂದು ಗದರಿಸಿಬಿಡುವ ತಂದೆಯರೇ ಲೋಕದಲ್ಲಿ ಹೆಚ್ಚು. ಆ ಆಸೆ ತನಗೆ ಸಂಕಟವನ್ನು ತರುತ್ತಿದ್ದರೂ, ಮಗಳಿಗೆ ಅದು ಗಂಭೀರವಾದುದರಿಂದ ತನಗೂ ಗಂಭೀರವೆಂದು ತಿಳಿದವನು ಬಾಬ್. ಆತ ಅದನ್ನು ಬಾಯಿಬಿಟ್ಟು ಹೇಳುವುದಿಲ್ಲ, ಹೇಳಿದ್ದರೆ ಕಂತು ಕೆಡುತ್ತಿತ್ತು. ಮುಂದಿನ ವಾರ ಮೀಸೆ ಯಥಾಸ್ಥಿತಿಯಲ್ಲಿರುತ್ತದೆ, ಟೀನಾ ಅಂದಿನಿಂದ ಇಂದಿನವರೆಗೂ ಹದಿಮೂರರವಳಾಗಿಯೇ ಉಳಿದಿದ್ದಾಳೆ. ಕುಂಚದಿಂದ ಹುಟ್ಟಿದವರಿಗೆ ಕಾಲನ ಬಾಧೆಯಿಲ್ಲವಷ್ಟೆ.

ಒಬ್ಬರ ಹುಚ್ಚನ್ನು ಇನ್ನೊಬ್ಬರು ಎತ್ತಿಕೊಂಡು ಮುಂದಕ್ಕೆ ಒಯ್ಯುವ ಈ ಗುಣ ಕಥೆಯಲ್ಲಿ ಮಾತ್ರವಲ್ಲ, ಧಾರಾವಾಹಿ ತಯಾರಾಗುವ ಕ್ರಮದಲ್ಲಿಯೂ ಇದೆ. ನನಗೆ ತೋರುವಮಟ್ಟಿಗೆ ಇದರ ಆಕರ್ಷಣೆಯ ಬೇರು ಇರುವುದು ಇಲ್ಲಿಯೇ. ಸಾಮಾನ್ಯವಾಗಿ ಇಂತಹ ಕೃತಿಗಳಲ್ಲಿ ಧ್ವನಿಕಲಾವಿದರು ಒಬ್ಬೊಬ್ಬರಾಗಿ ಬಂದು, ಗಾಜಿನ ಕೋಣೆಯಲ್ಲಿ ಒಂಟಿಯಾಗಿ ನಿಂತು, ತಮ್ಮ ಪಾಲಿನ ವಾಕ್ಯಗಳನ್ನು ಓದಿ ಹೋಗುತ್ತಾರೆ. ಬೇರೆ ಬೇರೆ ದಿನ ಆಡಿದ ಮಾತುಗಳನ್ನು ಅನಂತರ ಹೊಲಿದು ಸಂಭಾಷಣೆಯನ್ನು ಕಟ್ಟಲಾಗುತ್ತದೆ. ಬೂಶಾರ್ಡ್ ಮೊದಲಿನಿಂದಲೂ ಬೇರೆ ಸಂಪ್ರದಾಯದವರು. 1990ರ ದಶಕದಲ್ಲಿ ‘ಡಾಕ್ಟರ್ ಕಾಟ್ಸ್’ ಎಂಬ ಧಾರಾವಾಹಿಯಲ್ಲಿ ದುಡಿದು, 1999ರಲ್ಲಿ ‘ಹೋಮ್ ಮೂವೀಸ್’ ಅನ್ನು ಆರಂಭಿಸಿದಾಗಲೇ, ಕಥೆಯ ಹಂದರವನ್ನು ಮಾತ್ರ ಕೊಟ್ಟು ಮಾತುಗಳನ್ನು ಬಹುಮಟ್ಟಿಗೆ ನಟರ ಆಶುಪ್ರತಿಭೆಗೆ ಬಿಡುವ ಪದ್ಧತಿಯಲ್ಲಿ ಅವರು ಪಳಗಿದ್ದರು. ಬೆಲ್ಚರ್ ಮನೆಯವರಿಗೆ ಬರೆದಿಟ್ಟ ಸಂಭಾಷಣೆಯಿದೆ. ಆದರೂ ನಟರು ಜೊತೆಯಾಗಿ ಮಾತಾಡುತ್ತ, ಬರೆದುದನ್ನು ದಾಟಿ, ಒಬ್ಬರ ಮಾತಿನ ಮೇಲೆ ಇನ್ನೊಬ್ಬರು ಬಿದ್ದು ಆಡುವುದಕ್ಕೆ ಅವಕಾಶವುಂಟು. ಹೀಗೆ ಮುದ್ರಿತವಾದ ಧ್ವನಿಯೇ ಮೊದಲು; ಚಿತ್ರ ಆಮೇಲೆ ಅದನ್ನು ಅನುಸರಿಸಿ ಬರುತ್ತದೆ.

ನಮ್ಮ ತಾಳಮದ್ದಳೆಯನ್ನು ಕೇಳಿದವರಿಗೆ ಇದರ ಸ್ವಾರಸ್ಯ ತಟ್ಟನೆ ಹೊಳೆದೀತು. ವೇಷವಿಲ್ಲದೆ, ಕುಣಿತವಿಲ್ಲದೆ, ಕುಳಿತಲ್ಲಿಂದಲೇ ಬರಿಯ ಮಾತಿನಿಂದ ಪಾತ್ರವನ್ನು ಕಟ್ಟುವ ಅರ್ಥಧಾರಿ ಎದುರಿನವನ ಕೊನೆಯ ಮಾತನ್ನು ಹಿಡಿದು ತನ್ನ ಮಾತನ್ನು ಆ ಕ್ಷಣದಲ್ಲಿಯೇ ಹೊಸೆಯುತ್ತಾನೆ. ಅಲ್ಲಿ ಹಿಡಿಯುವುದು ಬಹುಶಃ ಗೆಲ್ಲುವುದಕ್ಕಾಗಿ. ಬೆಲ್ಚರ್‌ಗಳು ಹಿಡಿಯುವುದು ಆಟ ನಿಲ್ಲದಿರಲೆಂದು. ಊಟದ ಮೇಜಿನ ಬಳಿ ಜೀನ್ ಒಂದು ಅಸಂಬದ್ಧವನ್ನು ಆಡಿದರೆ ಲೂಯೀಸ್ ಅದಕ್ಕೆ ಹರಿತವನ್ನು ಕೊಡುತ್ತಾಳೆ, ಲಿಂಡಾ ಅದಕ್ಕೆ ರಾಗ ಹಾಕುತ್ತಾಳೆ, ಟೀನಾ ಅದನ್ನು ಅಕ್ಷರಶಃ ನಂಬಿ ವ್ಯಾಕುಲಳಾಗುತ್ತಾಳೆ, ಬಾಬ್ ನಿಟ್ಟುಸಿರಿಟ್ಟು ಬೇಡವೆನ್ನುತ್ತ ತಾನೂ ಒಂದು ಮಾತನ್ನು ಸೇರಿಸುತ್ತಾನೆ. ಇದನ್ನು ಕೇಳುವಾಗ ಯಾರೋ ಬರೆದ ವಿನೋದವನ್ನು ಕೇಳುತ್ತಿದ್ದೇವೆಂಬುದಕ್ಕಿಂತ ಒಟ್ಟಿಗೆ ಬಾಳಿ ಪರಸ್ಪರರ ಉಸಿರಿನ ಲಯವನ್ನು ಬಲ್ಲ ಜನರ ನಡುವೆ ಕುಳಿತಿದ್ದೇವೆಂಬ ಭಾವ ಹೆಚ್ಚಾಗಿ ಬರುತ್ತದೆ.

ಆ ಧ್ವನಿಗಳಾದರೂ ಎಂತಹವು! ಬಾಬ್‌ನ ದನಿ ಎಚ್. ಜಾನ್ ಬೆಂಜಮಿನ್ ಅವರದು. ‘ಆರ್ಚರ್’ ಎಂಬ ಮತ್ತೊಂದು ಅನಿಮೇಷನ್ ಧಾರಾವಾಹಿಯಲ್ಲಿ ದರ್ಪಿಷ್ಠನಾದ ಗೂಢಚಾರನಿಗೂ ಅದೇ ಕಂಠ. ‘ಆರ್ಚರ್’ನವರು ಒಮ್ಮೆ ಇದನ್ನೇ ಚೇಷ್ಟೆಗೆ ಎತ್ತಿಕೊಂಡು, ತಮ್ಮ ಗೂಢಚಾರ ನೆನಪು ಕಳೆದುಕೊಂಡು ಬರ್ಗರ್ ಅಂಗಡಿಯಲ್ಲಿ ಬಾಬ್ ಆಗಿ ಸಂಸಾರ ಹೂಡಿರುವುದಾಗಿ ಒಂದು ಕಂತನ್ನೇ ಮಾಡಿದರು. ಲಿಂಡಾಳ ದನಿ ಹೆಂಗಸಿನದಲ್ಲ. ತನ್ನ ತಾಯಿಯನ್ನು ಅನುಕರಿಸಿ ಜನರನ್ನು ನಗಿಸುತ್ತಿದ್ದ ಜಾನ್ ರಾಬರ್ಟ್ಸ್ ಎಂಬವರದು. ಜೀನ್‌ಗೆ ಯೂಜೀನ್ ಮಿರ್ಮನ್, ಲೂಯೀಸ್‌ಗೆ ಕ್ರಿಸ್ಟೆನ್ ಶಾಲ್. ಟೀನಾಳಿಗೆ ಮಾತಾಡುವವರು ಡ್ಯಾನ್ ಮಿಂಟ್ಜ್. ಇವರು ಹುಡುಗಿಯ ದನಿಯನ್ನು ನಟಿಸುವುದೇ ಇಲ್ಲ, ತಮ್ಮ ಸ್ವಂತದ ಏರಿಳಿತವಿಲ್ಲದ ಗಂಡುದನಿಯಲ್ಲಿಯೇ ಮಾತಾಡುತ್ತಾರೆ.

ಇದಕ್ಕೊಂದು ಪೂರ್ವಕಥೆಯುಂಟು. ಮೊದಲ ಕರಡಿನಲ್ಲಿ ಹಿರಿಯ ಸಂತಾನ ಹೆಣ್ಣಲ್ಲ, ಡೇನಿಯಲ್ ಎಂಬ ಗಂಡುಹುಡುಗ. ಅವನು ಸಪ್ಪೆಯಾದನೆಂದು ತೋರಿ ಅವನನ್ನು ಹುಡುಗಿಯನ್ನಾಗಿ ಮಾಡಿದಾಗ ಧ್ವನಿಯನ್ನು ಮಾತ್ರ ಬದಲಿಸದೆ ಉಳಿಸಿಕೊಂಡರು. ಉತ್ಕಟವಾದ ಆಸೆಗಳೂ ನಿರ್ವಿಕಾರವಾದ ಕಂಠವೂ ಒಂದೇ ದೇಹದಲ್ಲಿ ಸೇರಿದ್ದರಿಂದ ಟೀನಾ ಹುಟ್ಟಿದಳು. ಮೂಲ ಕಲ್ಪನೆಯಲ್ಲಿ ಇದಕ್ಕಿಂತ ಭಯಂಕರವಾದದ್ದೊಂದಿತ್ತು: ಅಂಗಡಿಯನ್ನು ನಡೆಸುವ ಸಂಸಾರ ನರಭಕ್ಷಕರದು! ವಾಹಿನಿಯವರು ಕಥೆಗೆ ಇದು ಅಗತ್ಯವೇ ಎಂದು ಕೇಳಿದ ಮೇಲೆ ಅದನ್ನು ಕೈಬಿಟ್ಟರು. ಪಕ್ಕದ ಶವಾಗಾರದಿಂದ ತಂದ ಮಾಂಸವನ್ನು ಬಾಬ್ ಬರ್ಗರಿಗೆ ಬಳಸುತ್ತಾನೆಂಬ ಸುಳ್ಳುವದಂತಿಯೊಂದು ಮೊದಲ ಕಂತಿನಲ್ಲಿ ಹಬ್ಬುವುದು ಆ ತ್ಯಕ್ತ ಕಲ್ಪನೆಯ ಅವಶೇಷ. ನರಭಕ್ಷಕತೆ ಉಳಿದಿದ್ದರೆ ಧಾರಾವಾಹಿಗೆ ಒಂದು ವರ್ಷದ ಕುಖ್ಯಾತಿ ದೊರೆಯುತ್ತಿತ್ತು, ಅಷ್ಟೆ. ಅದನ್ನು ತೆಗೆದಮೇಲೆ ಉಳಿದುದು ನಷ್ಟದಲ್ಲಿ ನಡೆಯುವ ಸಣ್ಣ ಅಂಗಡಿ, ಅದನ್ನು ಬಿಡಲೊಲ್ಲದ ಐದು ಜನ.

ಪ್ರತಿ ಕಂತಿನ ಪ್ರಾರಂಭದ ಕೆಲವೇ ಸೆಕೆಂಡುಗಳಲ್ಲಿ ಈ ಅಂಗಡಿಯ ಇತಿಹಾಸವೆಲ್ಲ ಬಂದುಹೋಗುತ್ತದೆ. ವೈಭವದ ಆರಂಭೋತ್ಸವ, ಬೆಂಕಿ ಬಿದ್ದು ಪುನರಾರಂಭೋತ್ಸವ, ಇಲಿಹೆಗ್ಗಣಗಳ ಕಾಟದಿಂದ ಮುಚ್ಚಿ ಮತ್ತೊಮ್ಮೆ ಪುನರಾರಂಭೋತ್ಸವ, ಬೀದಿಯ ಕಂಬವೇ ಮುಂಗಟ್ಟಿನ ಮೇಲೆ ಉರುಳಿ ಮಗುದೊಮ್ಮೆ. ಪಕ್ಕದ ಮಳಿಗೆಯ ಹೆಸರು ಕಂತುಕಂತಿಗೂ ಬದಲಾಗುತ್ತದೆ. ಇಲಿ ಹಿಡಿಯುವವರ ಗಾಡಿಯ ಹೆಸರೂ ಹಾಗೆಯೇ. ಒಳಗಡೆ ಕಪ್ಪುಹಲಗೆಯ ಮೇಲೆ ‘ಇಂದಿನ ಬರ್ಗರ್’ ಎಂದು ಸೀಮೆಸುಣ್ಣದಲ್ಲಿ ಬರೆದಿರುವ ಹೆಸರು ಸಾಮಾನ್ಯವಾಗಿ ಒಂದು ಶ್ಲೇಷೆ, ಇಂಗ್ಲಿಷಿನ ಹಾಡುಗಳನ್ನೂ ಸಿನಿಮಾಗಳನ್ನೂ ಬಲ್ಲವರಿಗೆ ಮಾತ್ರ ರುಚಿಸತಕ್ಕದ್ದು. ಬೇರೆ ಭಾಷೆಗೆ ತರಹೋದರೆ ಒಣಗಿಹೋಗುವ ಈ ಚಮತ್ಕಾರಗಳನ್ನು ನಾನು ಇಲ್ಲಿ ಉದಾಹರಿಸುವುದಿಲ್ಲ. ಅಭಿಮಾನಿಯೊಬ್ಬರು ಆ ಹೆಸರುಗಳನ್ನೇ ಆಧಾರವಾಗಿಟ್ಟುಕೊಂಡು ಒಂದೊಂದು ಬರ್ಗರನ್ನೂ ತಮ್ಮ ಅಡುಗೆಮನೆಯಲ್ಲಿ ಮಾಡಿ ನೋಡಿದ್ದರ ಫಲವಾಗಿ 2016ರಲ್ಲಿ ಅಧಿಕೃತವಾದ ಪಾಕಪುಸ್ತಕವೇ ಹೊರಬಂದಿತು. ಕಂತುಗಳ ನಡುವೆ ಬಂದುಹೋಗುವ ಪುಟಾಣಿ ಹಾಡುಗಳು ನೂರಕ್ಕೂ ಮಿಕ್ಕಿ ಸೇರಿ 2017ರಲ್ಲಿ ಆಲ್ಬಮ್ಮಾದುವು.

2013ರ ನವೆಂಬರಿನಲ್ಲಿ ಬಂದ ‘ಟರ್ಕಿ ಇನ್ ಎ ಕ್ಯಾನ್’ ಎಂಬ ಕಂತನ್ನು ನಾನು ಈ ಧಾರಾವಾಹಿಯ ಪರಾಕಾಷ್ಠೆಗಳಲ್ಲಿ ಒಂದೆಂದು ಎಣಿಸುತ್ತೇನೆ. ಅಮೆರಿಕನ್ನರು ನವೆಂಬರಿನ ನಾಲ್ಕನೆಯ ಗುರುವಾರ ಆಚರಿಸುವ ಥ್ಯಾಂಕ್ಸ್‌ಗಿವಿಂಗ್ ಹಬ್ಬ ಬಾಬ್‌ಗೆ ವರ್ಷದ ಮಹಾಪರ್ವ. ಟರ್ಕಿ ಕೋಳಿಯನ್ನು ಮಸಾಲೆಯ ನೀರಿನಲ್ಲಿ ದಿನಗಟ್ಟಲೆ ನೆನೆಯಿಡುವ ಸಂಭ್ರಮ ಅವನದು. ಒಂದು ಬೆಳಗ್ಗೆ ಎದ್ದು ನೋಡಿದರೆ ಆ ಕೋಳಿ ಪಾಯಿಖಾನೆಯಲ್ಲಿ ಬಿದ್ದಿದೆ! ಇನ್ನೊಂದನ್ನು ತಂದರೆ ಅದಕ್ಕೂ ಅದೇ ಗತಿ. ಮನೆಯವರನ್ನೆಲ್ಲ ಶಂಕಿಸಿ, ಪತ್ತೇದಾರಿಕೆ ನಡೆಸಿ, ಕೊನೆಗೆ ಬಾಬ್ ಕಂಡುಕೊಳ್ಳುವ ಅಪರಾಧಿ ಬಾಬನೇ: ಅಲರ್ಜಿಗೆ ತೆಗೆದುಕೊಂಡ ಹೊಸ ಔಷಧದ ಪ್ರಭಾವದಿಂದ ನಿದ್ದೆಯಲ್ಲಿ ನಡೆದು, ಆ ಕೋಳಿಯನ್ನು ಎಳೆಯ ಟೀನಾಳೆಂದು ಭ್ರಮಿಸಿ, ಅವಳಿಗೆ ಪಾಯಿಖಾನೆಯಲ್ಲಿ ಕೂರುವುದನ್ನು ಕಲಿಸುತ್ತಿದ್ದನು. ಆ ವರ್ಷ ಟೀನಾ ಹಬ್ಬದೂಟಕ್ಕೆ ಮಕ್ಕಳ ಮೇಜನ್ನು ಬಿಟ್ಟು ದೊಡ್ಡವರ ಮೇಜಿನಲ್ಲಿ ಕೂರುತ್ತೇನೆಂದು ಹಟ ಹಿಡಿದಿದ್ದಳೆಂಬುದನ್ನು ಪ್ರೇಕ್ಷಕ ಅಷ್ಟರಲ್ಲಿ ಮರೆತಿರುತ್ತಾನೆ. ಮಗಳು ಬೆಳೆಯುತ್ತಿದ್ದಾಳೆಂಬ ತಂದೆಯ ದುಃಖವನ್ನು ಹೇಳುವುದಕ್ಕೆ ಕವಿಗಳು ಎಷ್ಟೋ ಉಪಮಾನಗಳನ್ನು ಹುಡುಕಿದ್ದಾರೆ. ಪಾಯಿಖಾನೆಗೆ ಬಿದ್ದ ಹಸಿಕೋಳಿಯಿಂದ ಅದನ್ನು ಹೇಳಿಸಿದವರನ್ನು ನಾನು ಬೇರೆಲ್ಲಿಯೂ ಕಂಡಿಲ್ಲ. ಅಸಭ್ಯವಾದ ನಗೆಯೂ ಆಳವಾದ ಮರುಕವೂ ಒಂದೇ ವಸ್ತುವಿನಿಂದ ಹೊರಡುವಂತೆ ಮಾಡುವುದು ಸಾಮಾನ್ಯ ಕುಶಲತೆಯಲ್ಲ.

ಎಲ್ಲ ಕಂತುಗಳೂ ಈ ಎತ್ತರದವಲ್ಲವೆಂಬುದನ್ನೂ ಹೇಳಬೇಕು. ವರ್ಷಗಳು ಉರುಳಿದಂತೆ ಲೂಯೀಸ್‌ಳ ತಂತ್ರಗಳಲ್ಲಿ ಪುನರುಕ್ತಿ ಬಂದಿದೆ, ಗೇಲ್ ಕೆಲವೊಮ್ಮೆ ದಣಿವು ಹುಟ್ಟಿಸುತ್ತಾಳೆ, ಜೀನ್‌ನ ವಾಯುವಿನೋದ ಎಲ್ಲರ ಅಭಿರುಚಿಗೆ ಒಗ್ಗತಕ್ಕದ್ದಲ್ಲ. ಬೀದಿಯಲ್ಲಿ ಎಷ್ಟು ಅನರ್ಥ ನಡೆದರೂ ಮುಂದಿನ ವಾರ ಅಂಗಡಿ ಹಿಂದಿನಂತೆಯೇ ಬಾಗಿಲು ತೆರೆಯುವುದರಿಂದ ಬಾಬ್‌ನ ಬಡತನಕ್ಕೆ ನಿಜವಾದ ಕೊರೆತವಿಲ್ಲವೆಂದು ಆಕ್ಷೇಪಿಸುವವರಿಗೆ ನನ್ನಲ್ಲಿ ಸರಿಯಾದ ಉತ್ತರವಿಲ್ಲ. ಲೇಖಕರಿಗೂ ಈ ಅರಿವು ಇದ್ದಿರಬೇಕು. 2022ರ ಚಲನಚಿತ್ರದಲ್ಲಿ ಬ್ಯಾಂಕಿನ ಸಾಲದ ಕಂತು ತೀರಿಸಲು ಬಾಬ್‌ಗೆ ಉಳಿದಿರುವುದು ಒಂದೇ ವಾರ; ಅದೇ ಸಮಯಕ್ಕೆ ನೀರಿನ ಕೊಳವೆ ಒಡೆದು ಅಂಗಡಿಯ ಬಾಗಿಲಿನ ಮುಂದೆ ನೆಲ ಕುಸಿಯುತ್ತದೆ, ಗುಂಡಿಯಿಂದ ಒಂದು ಅಸ್ಥಿಪಂಜರ ಹೊರಬರುತ್ತದೆ, ಕೊಲೆಯ ಆರೋಪ ಫಿಶೋಡರನ ಮೇಲೆ ಬರುತ್ತದೆ. ಮಕ್ಕಳು ಪತ್ತೇದಾರಿಕೆಗೆ ಹೊರಡುತ್ತಾರೆ. ರಹಸ್ಯದ ಎಳೆ ತಕ್ಕಮಟ್ಟಿನದು. ಅದಕ್ಕಿಂತ ಮಿಗಿಲಾದದ್ದು, ಆ ಮೊಲಗಿವಿಯ ಟೋಪಿ ಲೂಯೀಸ್‌ಳ ತಲೆಗೆ ಹೇಗೆ ಬಂದಿತೆಂಬುದು ಅಲ್ಲಿ ಮೊದಲ ಬಾರಿಗೆ ತಿಳಿಯುವುದು.

ಹೊಸದಾಗಿ ನೋಡತೊಡಗುವವರು ಮೊದಲ ಕಂತಿನಿಂದಲೇ ಆರಂಭಿಸಬೇಕೆಂಬ ನಿರ್ಬಂಧವೇನೂ ಇಲ್ಲ. ನರಮಾಂಸದ ವದಂತಿಯ ಆ ಕಂತಿನಲ್ಲಿ ಪಾತ್ರಗಳಿಗೆ ಇನ್ನೂ ಪಾಕ ಬಂದಿರಲಿಲ್ಲ, ಲೂಯೀಸ್ ಕೇವಲ ಕಿಡಿಗೇಡಿಯಾಗಿದ್ದಳು. ಒಂದೊಂದು ಕಂತೂ ಸುಮಾರು ಇಪ್ಪತ್ತೆರಡು ನಿಮಿಷದ್ದು, ಬಹುತೇಕ ಸ್ವತಂತ್ರವಾದದ್ದು. ಮೀಸೆಯ ಕಥೆಯಿಂದಾಗಲಿ ಟರ್ಕಿಯ ಕಥೆಯಿಂದಾಗಲಿ ತೊಡಗಬಹುದು. ಅನಂತರ 2021ರ ಡಿಸೆಂಬರಿನಲ್ಲಿ ಬಂದ ಕ್ರಿಸ್‌ಮಸ್ ಕಂತಿಗೆ ಹೋಗಬಹುದು. ಗ್ರಂಥಾಲಯದಲ್ಲಿ ತಾನು ಬರೆದ ಪದ್ಯವನ್ನು ಓದಬೇಕಾಗಿರುವ ಲೂಯೀಸ್ ಅದನ್ನು ಕೇಳಲು ಯಾರೂ ಬರಬೇಕಾಗಿಲ್ಲವೆಂದು ಖಡಾಖಂಡಿತವಾಗಿ ಸಾರುತ್ತಾಳೆ, ಆ ಮಾತನ್ನು ಮನೆಯವರು ನಂಬಬೇಕೋ ಬೇಡವೋ ಎಂಬುದೇ ಕಥೆ. ಚಲನಚಿತ್ರವನ್ನು ಮಾತ್ರ ಕಡೆಗಿಟ್ಟುಕೊಳ್ಳುವುದು ಮೇಲು. ಟೋಪಿಯ ವೃತ್ತಾಂತ ಬಾಬ್‌ನ ಬಾಲ್ಯದವರೆಗೂ, ಲೂಯೀಸ್ ಎಂದೂ ಕಾಣದ ಒಬ್ಬ ಹಿರಿಯಳವರೆಗೂ ಹಿಂದಕ್ಕೆ ಹೋಗುತ್ತದೆ. ಅದನ್ನು ಇಲ್ಲಿ ಹೇಳಿಬಿಟ್ಟರೆ ನೋಡುವವರಿಗೆ ಅನ್ಯಾಯ ಮಾಡಿದಂತಾದೀತು, ಹತ್ತಾರು ಕಂತುಗಳಲ್ಲಿ ಆ ಹುಡುಗಿಯ ಗರ್ವವನ್ನು ಕಂಡವರಿಗಲ್ಲದೆ ಅದರ ತೂಕ ತಿಳಿಯುವುದೂ ಇಲ್ಲ.